ಹಿಂದಿನ ಸೀಟಿಗೆ ಒಬ್ಬರು ಬೇಕಾಗಿದ್ದಾರೆ

ಒಂಟಿಯಾಗಿರುವುದಕ್ಕೂ ಒಂದು ಅರ್ಹತೆ ಬೇಕು ಎಂಬುದು ನನಗೆ ಐವತ್ತು ದಾಟಿದ ಮೇಲೆ ಗೊತ್ತಾಯಿತು. ಮನೆಯಲ್ಲಿ ಯಾರಾದರೂ ತೀರಿಕೊಂಡರೆ ಜನ ಬಂದು ಕೂರುತ್ತಾರೆ, ಚಹಾ ಮಾಡಿಕೊಡುತ್ತಾರೆ. ಗಂಡ ಜಗಳವಾಡಿ ಬಿಟ್ಟುಹೋದರೆ ಇನ್ನೂ ಹೆಚ್ಚು ಜನ ಬರುತ್ತಾರೆ. ನಮ್ಮ ಮನೆಯಲ್ಲಿ ಇವೆರಡೂ ಆಗಲಿಲ್ಲ. ಬ್ಯಾಂಕಿನಲ್ಲಿರುವ ನಮ್ಮ ಮನೆಯವರಿಗೆ ಬಡ್ತಿ ಸಿಕ್ಕು ಗುವಾಹಟಿಗೆ ವರ್ಗವಾಯಿತು, ಪೇಡೆ ಹಂಚಿದೆವು. ಮಗಳಿಗೆ ದಾವಣಗೆರೆಯಲ್ಲಿ ಕಾಲೇಜಿನ ಸೀಟು ಸಿಕ್ಕಿತು, ಮತ್ತೆ ಪೇಡೆ. ಮಂಡಿನೋವಿನ ನಮ್ಮ ಅತ್ತೆಯವರು, ಅಲ್ಲಿ ಲಿಫ್ಟ್ ಇದೆ ಎಂಬ ಒಂದೇ ಕಾರಣಕ್ಕೆ, ಸೊಲ್ಲಾಪುರದ ನನ್ನ ಮೈದುನನ ಫ್ಲ್ಯಾಟಿಗೆ ಹೋದರು. ಆಗ ಪೇಡೆ ಹಂಚಲಿಲ್ಲ, ಆದರೆ ಅವರು ಖುಷಿಯಾಗಿಯೇ ಹೋದರು. ಹೀಗೆ ಎಲ್ಲವೂ ಒಳ್ಳೆಯದೇ ಆಗುತ್ತಾ ಆಗುತ್ತಾ ಶಹಾಬಾದದ ಆ ಮನೆಯಲ್ಲಿ ಕೊನೆಗೆ ಉಳಿದವರು ನಾನು ಮತ್ತು ಕಾರು. ಸಂತಾಪ ಹೇಳಲು ಯಾರಿಗೂ ಕಾರಣವೇ ಸಿಗಲಿಲ್ಲ. "ಆರಾಮ ಇದ್ದೀರಿ ಬಿಡ್ರಿ ಮೇಡಂ, ಅಡಗಿ ಕಾಟ ಇಲ್ಲ" ಎಂದರು ನಮ್ಮ ಕಚೇರಿಯವರು. ಅದು ನಿಜವೇ. ಒಬ್ಬಳಿಗಾಗಿ ಹೆಸರುಬೇಳೆಯನ್ನು ಎಷ್ಟು ಹಾಕಬೇಕೆಂದು ನನಗೆ ಇಂದಿಗೂ ಅಂದಾಜು ಸಿಕ್ಕಿಲ್ಲ. ಒಂದು ಹೊತ್ತು ಮಾಡಿದ್ದನ್ನು ಮೂರು ಹೊತ್ತು ಉಣ್ಣುತ್ತೇನೆ, ಹಾಗಾಗಿ ಕಾಟ ಕಡಿಮೆಯೇ.

ಕಾರಿನ ಕತೆಯೂ ಸುಮಾರಾಗಿ ಇದೇ. ಅದನ್ನು ಕೊಂಡದ್ದು ನಾಲ್ವರಿಗೆಂದು. ಹಿಂದಿನ ಸೀಟಿನಲ್ಲಿ ಅತ್ತೆಯವರು ಮತ್ತು ಮಗಳು, ಮುಂದೆ ನಾವಿಬ್ಬರು, ಡಿಕ್ಕಿಯಲ್ಲಿ ಅತ್ತೆಯವರ ನೀರಿನ ಕೊಡ; ಹೊರಗಿನ ನೀರು ಅವರಿಗೆ ಒಗ್ಗುತ್ತಿರಲಿಲ್ಲ. ಈಗ ಅದೇ ಕಾರಿನಲ್ಲಿ ನಾನೊಬ್ಬಳೇ ವಾಡಿಯ ಮೇಲೆ ಹಾಯ್ದು ಚಿತ್ತಾಪುರದ ಕಚೇರಿಗೆ ಹೋಗಿಬರುತ್ತೇನೆ. ನಮ್ಮ ರಸ್ತೆಯಲ್ಲಿ ನೆಲಕ್ಕೆ ಹಾಸುವ ಫರ್ಸಿ ಕಲ್ಲು ಹೇರಿದ ಲಾರಿಗಳೂ ಸಿಮೆಂಟಿನ ಟ್ಯಾಂಕರುಗಳೂ ಓಡಾಡುವುದರಿಂದ ಡಾಂಬರು ಎಂಬುದು ತಗ್ಗುಗಳ ನಡುವೆ ಅಲ್ಲಲ್ಲಿ ಕಾಣಿಸುವ ವಸ್ತು. ಹೀಗಿರುವಾಗ ಒಂದು ಬೆಳಗ್ಗೆ ಹಿಂದಿನಿಂದ 'ಗಡಕ್' ಎಂಬ ಸದ್ದು ಕೇಳಿಸಿತು. ಯಾರೋ ಹಿಂದೆ ಕೂತು ಸೀಟಿನ ಕೆಳಗೆ ಮುಷ್ಟಿಯಿಂದ ಗುದ್ದಿದ ಹಾಗೆ. ಸುಳ್ಳೇಕೆ, ಒಂದು ಕ್ಷಣ ನನಗೆ ಸಂತೋಷವೇ ಆಯಿತು. ಕನ್ನಡಿಯಲ್ಲಿ ನೋಡಿದೆ. ಯಾರೂ ಇರಲಿಲ್ಲ.

ಸಂಜೆ ಮನೆಯವರ ಫೋನು ಬಂದಾಗ ಹೇಳಿದೆ. ಅವರು ಫೋನು ಮಾಡುವ ಹೊತ್ತಿಗೆ ಗುವಾಹಟಿಯಲ್ಲಿ ಕತ್ತಲಾಗಿರುತ್ತದೆ. ನನಗಿಲ್ಲಿ ಅಂಗಳದ ಫರ್ಸಿ ಇನ್ನೂ ಕಾಲು ಸುಡುತ್ತಿರುತ್ತದೆ. ಹೀಗಾಗಿ ಅವರು ದಿನ ಮುಗಿದವರ ದನಿಯಲ್ಲೂ ನಾನು ಮುಗಿಯದವಳ ದನಿಯಲ್ಲೂ ಮಾತಾಡುತ್ತೇವೆ. "ಸದ್ದು ರೆಕಾರ್ಡ್ ಮಾಡಿ ಕಳಸು" ಎಂದರು. ಕಳಿಸಿದೆ. ಅವರು ಅದನ್ನು ತಮ್ಮ ಬ್ಯಾಂಕಿನಲ್ಲಿ ಎಲ್ಲರಿಗೂ ಕೇಳಿಸಿದರಂತೆ. ಒಬ್ಬರು ಬೇರಿಂಗ್ ಎಂದರಂತೆ, ಇನ್ನೊಬ್ಬರು ಸೈಲೆನ್ಸರ್ ಎಂದರಂತೆ, ಮತ್ತೊಬ್ಬರು ಇದು ರೈಲಿನ ಸದ್ದಲ್ಲವೇ ಎಂದರಂತೆ. ರೈಲಿನದೂ ಇತ್ತು, ನಾನು ವಾಡಿ ಸ್ಟೇಶನ್ನಿನ ಹತ್ತಿರವೇ ರೆಕಾರ್ಡ್ ಮಾಡಿದ್ದೆ. ಕೊನೆಗೆ ನಮ್ಮವರು ತಮ್ಮ ತೀರ್ಪು ಕೊಟ್ಟರು: "ಆ ಸದ್ದು ಮೊದಲಿಂದಾನೂ ಇತ್ತೇನೋ. ಅವ್ವ, ಮಗಳು ಒಟಾ ಒಟಾ ಅಂತ ಮಾತಾಡೋದ್ರಾಗ ನಮಗ ಕೇಳಸ್ತಿರಲಿಲ್ಲ. ಈಗ ನೀ ಒಬ್ಬಾಕಿ ಇದ್ದಿ, ಕೇಳಸಾಕತ್ತದ." ಅವರು ಹೇಳಿದ್ದು ಕಾರಿನ ಬಗ್ಗೆಯೇ. ಆದರೂ ಫೋನು ಇಟ್ಟ ಮೇಲೆ ನಾನು ಬಹಳ ಹೊತ್ತು ಅಂಗಳದಲ್ಲೇ ಕೂತಿದ್ದೆ. ಫ್ರಿಜ್ಜಿನ ಗುಂಯ್ ಎನ್ನುವ ಸದ್ದು ಅಲ್ಲಿಯವರೆಗೂ ಬರುತ್ತದೆಂದು ನನಗೆ ಅಂದೇ ತಿಳಿದದ್ದು.

ನಮ್ಮೂರಿನ ಮೆಕ್ಯಾನಿಕ್ ರಶೀದ್ ಭಾಯಿ ಒಳ್ಳೆಯವನು, ಆದರೆ ಮೊದಲ ಸಲಕ್ಕೇ ಕಾರಿನ ರೋಗ ಪತ್ತೆಹಚ್ಚಿದವನಲ್ಲ. ಬಾನೆಟ್ಟಿನ ಕಡೆ ಎರಡೂ ಕೈಯಿಂದ ಒತ್ತಿ ಬಿಟ್ಟು ನೋಡಿದ. ಕಾರು ಒಮ್ಮೆ ಎದ್ದು ಸುಮ್ಮನಾಯಿತು. "ಶಾಕಬ್ಸರ್ ಬರೋಬರಿ ಅದಾವ್ರಿ. ಸ್ಟೆಪ್ನಿ ಸಡ್ಲಾಗಿರ್ಬೇಕು" ಎಂದು ಡಿಕ್ಕಿಯಲ್ಲಿನ ಬದಲಿ ಗಾಲಿಯನ್ನು ಬಿಗಿ ಮಾಡಿ ಕಳಿಸಿದ. ಕಾರಿನ ಕುಲುಕು ತಡೆಯುವ ಆ ಶಾಕಬ್ಸರುಗಳು ಹಿಂದೆಯೂ ಇರುತ್ತವೆ; ಅಲ್ಲಿ ಒತ್ತಿ ನೋಡುವುದು ಅವನಿಗೂ ಹೊಳೆಯಲಿಲ್ಲ, ನನಗಂತೂ ಹೊಳೆಯುವ ಮಾತೇ ಇಲ್ಲ. ಮರುದಿನ ಸದ್ದು ಮೊದಲಿಗಿಂತ ಜೋರಾಯಿತು. ತಗ್ಗು ದಾಟಿದ ಮೇಲೆ ಕಾರಿನ ಹಿಂಭಾಗ ದೋಣಿಯಂತೆ ತೂಗತೊಡಗಿತು. ಮತ್ತೆ ಹೋದರೆ ರಶೀದ್ ಭಾಯಿಯ ಗ್ಯಾರೇಜಿನ ಮುಂದಿನ ಕಾಂಕ್ರೀಟು ರಸ್ತೆಯಲ್ಲಿ ಕಾರು ತುಟಿಪಿಟಕ್ಕೆನ್ನದೆ ಓಡಿತು. ಮೇಷ್ಟರ ಎದುರು ಮಗಳು ಹೀಗೇ ಮಾಡುತ್ತಿದ್ದಳು. "ನಾ ಶಾಪ್ ಬಿಟ್ಟು ವಾಡಿ ತನಕ ಬರಾಕ ಆಗಂಗಿಲ್ರಿ ಮೇಡಂ, ಗಿರಾಕಿ ನಿಂತಾರ" ಎಂದ ಅವನು. "ಒಂದ್ ಕೆಲಸ ಮಾಡ್ರಿ. ನೀವು ಗಾಡಿ ಹೊಡೀರಿ, ಹಿಂದ ಒಬ್ಬರನ್ನ ಕುಂದ್ರಸ್ರಿ. ಎಡಕ್ಕ ಬರ್ತದೋ ಬಲಕ್ಕ ಬರ್ತದೋ ಕೇಳ್ಕೊಂಡು ಬರ್ರಿ. ಮನ್ಯಾಗ ಯಾರರ ಇರ್ತಾರಲ್ಲ."

ಮನೆಯಲ್ಲಿ ಯಾರಾದರೂ ಇರುತ್ತಾರಲ್ಲ! ಎಷ್ಟು ಸರಳವಾದ ಮಾತು. ಮನೆಗೆ ಬಂದು ಯೋಚಿಸಿದೆ. ಕಚೇರಿಯ ಗೆಳತಿಯರು ಬೇರೆ ಊರಿಂದ ರೈಲಿಗೆ ಬರುವವರು. ಅವರಲ್ಲಿ ಒಬ್ಬಳು ನನ್ನ ಡ್ರೈವಿಂಗ್ ಒಮ್ಮೆ ನೋಡಿ, ರೈಲೇ ಸುರಕ್ಷಿತ ಎಂದು ಬಹಿರಂಗವಾಗಿ ಹೇಳಿದ್ದಾಳೆ. ಗಂಡಸು ಸಹೋದ್ಯೋಗಿಯೊಬ್ಬರನ್ನು ಭಾನುವಾರ ಹಿಂದಿನ ಸೀಟಿನಲ್ಲಿ ಕೂರಿಸಿಕೊಂಡು ಸುತ್ತಾಡಿ, ಶಾಕಬ್ಸರಿಗಾಗಿ ಎಂದರೆ ಶಹಾಬಾದದಲ್ಲಿ ಯಾರೂ ನಂಬುವುದಿಲ್ಲ. ಇಷ್ಟು ವರ್ಷ ಈ ಊರಲ್ಲಿದ್ದು, ಸುಮ್ಮನೆ ಹಿಂದೆ ಕೂರಲು ಕರೆಯಬಹುದಾದ ಒಬ್ಬರೂ ನನಗಿರಲಿಲ್ಲ. ಮದುವೆಗೆ ಕರೆಯುವವರಿದ್ದರು, ಸತ್ಯನಾರಾಯಣ ಪೂಜೆಗೆ ಕರೆಯುವವರಿದ್ದರು. ಕೆಲಸವಿಲ್ಲದೆ ಕರೆಯುವವರಿರಲಿಲ್ಲ.

ಎದುರು ಮನೆಯ ಕಮಲಾಬಾಯಿಯವರು ನೆನಪಾದದ್ದು ಆಗ. ಅವರು ಸರ್ಕಾರಿ ಆಸ್ಪತ್ರೆಯ ನಿವೃತ್ತ ನರ್ಸು, ಓಣಿಗೆಲ್ಲ 'ಸಿಸ್ಟರ್'. ಕಾಗಿಣಾ ನದಿ ದಂಡೆಯ ಹಳ್ಳಿಯವರು, ಮದುವೆಯಾಗಲಿಲ್ಲ, ಒಬ್ಬರೇ ಇರುತ್ತಾರೆ. ನಮಗಿಬ್ಬರಿಗೂ ಗೇಟಿನ ಮಾತಷ್ಟೇ ಬಳಕೆ: ಊಟ ಆಯ್ತ್ರೀ, ಆಯ್ತ್ರೀ. ಅದರಲ್ಲೂ ಎಷ್ಟೋ ಸಲ ನಾನು ಮಾತಾಡಿಸಿದರೂ ಅವರು ತಿರುಗಿ ನೋಡದೆ ಒಳಗೆ ಹೋಗಿಬಿಡುತ್ತಿದ್ದರು. ಸ್ವಲ್ಪ ಬಿಂಕ ಎಂದುಕೊಂಡಿದ್ದೆ. ಆದರೂ ಧೈರ್ಯ ಮಾಡಿ ಹೋಗಿ ಕೇಳಿದೆ. ಅವರು ನನ್ನ ಮುಖವನ್ನೇ ನೋಡುತ್ತ ಎಲ್ಲ ಕೇಳಿಸಿಕೊಂಡು, "ಎಷ್ಟಕ್ಕ ಹೊರಡೂದ್ರಿ?" ಎಂದರು. ಅಷ್ಟೇ.

ಭಾನುವಾರ ಬೆಳಗ್ಗೆ ಅವರು ಗಂಜಿ ಹಾಕಿದ ಸೀರೆ ಉಟ್ಟು, ಕೈಚೀಲದಲ್ಲಿ ಚುರಮುರಿ ಕಟ್ಟಿಕೊಂಡು, ಡ್ಯೂಟಿಗೆ ಹೊರಟವರಂತೆ ಬಂದು ಹಿಂದೆ ಕೂತರು. ವಾಡಿ ದಾಟುವ ಮೊದಲೇ ಮಾತು ಶುರುವಾಯಿತು. ತೆಂಗಳಿಯ ಆಸ್ಪತ್ರೆಯಲ್ಲಿದ್ದಾಗ ಮಳೆಯಲ್ಲಿ ಎತ್ತಿನ ಗಾಡಿಯ ಮೇಲೆ ಹೆರಿಗೆ ಮಾಡಿಸಿದ್ದು, ಗುಂಡಗುರ್ತಿಯ ಕಡೆ ಒಬ್ಬಾಕೆ ಹುಟ್ಟಿದ ಮಗುವಿಗೆ ಇವರ ಹೆಸರೇ ಇಟ್ಟದ್ದು, ಆ ಮಗುವಿಗೆ ಈಗ ಮೊಮ್ಮಗು ಬರುವ ಕಾಲವಾದದ್ದು. ನಾನು ಅತ್ತೆಯವರ ನೀರಿನ ಕೊಡದ ಕತೆ ಹೇಳಿದೆ. ಅವರು ನಗುತ್ತಾ ಸೀಟಿಗೆ ಒರಗಿದರು. ಚಿತ್ತಾಪುರದಲ್ಲಿ ಚಹಾ ಕುಡಿದು, ಚುರಮುರಿ ತಿಂದು, ತಿರುಗಿ ಬಂದು ಮನೆಯ ಮುಂದೆ ಕಾರು ನಿಲ್ಲಿಸಿದಾಗ ನೆನಪಾಯಿತು.

"ಸದ್ದು ಎಲ್ಲಿಂದ ಬಂತ್ರಿ ಸಿಸ್ಟರ್?"

"ಯವ್ವಾ! ನಾ ಕೇಳ್ಲೇ ಇಲ್ಲಲ್ರಿ. ನಿಮಗ ಕೇಳಸ್ತೇನು?"

ನನಗೂ ಕೇಳಿಸಿರಲಿಲ್ಲ.

ಮುಂದಿನ ಭಾನುವಾರ ಮೌನವ್ರತ ಹಿಡಿದು ಹೊರಟೆವು. ಇಬ್ಬರು ಹೆಂಗಸರು ಬಾಯಿ ಬಿಗಿ ಹಿಡಿದು ಕಾರಿನಲ್ಲಿ ಕೂತಿದ್ದನ್ನು ಕಂಡವರು ಸಾವಿನ ಮನೆಗೆ ಹೊರಟಿದ್ದಾರೆಂದೇ ತಿಳಿದಿರಬೇಕು. ಮೊದಲ ತಗ್ಗಿಗೇ ಗಡಕ್ ಎಂದಿತು. "ಬಲಕ್ಕ!" ಎಂದು ಕೂಗಿದರು ಕಮಲಾಬಾಯಿ. ಎರಡನೆಯದಕ್ಕೂ ಬಲಕ್ಕ. ಎಲ್ಲದಕ್ಕೂ ಬಲಕ್ಕ. ಅವರ ದನಿಯಲ್ಲಿ ಎಂತಹ ಖಾತ್ರಿ ಇತ್ತೆಂದರೆ, ನಾನು ಆ ಕ್ಷಣ ಅವರ ಕೈಯಲ್ಲಿ ಹೆರಿಗೆಗೂ ಸಿದ್ಧಳಿದ್ದೆ.

ಮರುದಿನ ಕಚೇರಿಗೆ ರಜೆ ಹಾಕಿ ಇಬ್ಬರೂ ಗ್ಯಾರೇಜಿಗೆ ಹೋದೆವು. ರಶೀದ್ ಭಾಯಿ ಜಾಕ್ ಹಚ್ಚಿ ಬಲಗಡೆಯ ಹಿಂದಿನ ಗಾಲಿ ಬಿಚ್ಚಿದ. ಶಾಕಬ್ಸರ್ ಒಣಗಿ ಚೊಕ್ಕವಾಗಿತ್ತು. "ಇದಕ್ಕೇನ್ ಆಗಿಲ್ರಿ" ಎಂದು ತಲೆ ಕೆರೆದುಕೊಂಡು ಎಡಗಡೆಯದನ್ನು ಬಿಚ್ಚಿದ. ಅದರ ಮೈತುಂಬ ಎಣ್ಣೆ ಸೋರಿ, ಮೇಲೆ ಸಿಮೆಂಟಿನ ಧೂಳು ಮೆತ್ತಿಕೊಂಡು ಹುಗ್ಗಿಯಾಗಿತ್ತು. ಕೆಳಗಿನ ರಬ್ಬರು ಬುಶ್ ಸವೆದು ಅಲುಗಾಡುತ್ತಿತ್ತು. "ಸಿಸ್ಟರ್, ಇದು ಎಡಕ್ಕಲ್ಲೇನ್ರಿ? ನೀವು ಬಲಕ್ಕ ಅಂದ್ರಲ್ಲ!" ಎಂದು ನಕ್ಕ. ಅವನ ನಗುವಿನಲ್ಲಿ ಕೆಟ್ಟದ್ದೇನೂ ಇರಲಿಲ್ಲ. ಹೇಗೂ ಜೋಡಿಯಾಗಿಯೇ ಬದಲಿಸಬೇಕು, ಒಂದು ಹೊಸದು ಒಂದು ಹಳೆಯದು ಇದ್ದರೆ ಗಾಡಿ ಒಂದು ಕಡೆ ವಾಲುತ್ತದೆ ಎಂದು ಅವನೇ ಹೇಳಿದ. ನಷ್ಟವೇನೂ ಆಗಿರಲಿಲ್ಲ. ಆದರೆ ಕಮಲಾಬಾಯಿಯವರ ಮುಖ ಇಳಿದುಹೋಯಿತು. ಕಲಬುರಗಿಯಿಂದ ಬಸ್ಸಿನಲ್ಲಿ ಸಾಮಾನು ಬರುವ ತನಕ ಇಬ್ಬರೂ ಬೇವಿನ ಗಿಡದ ಕೆಳಗೆ ಬೆಂಚಿನ ಮೇಲೆ ಕೂತೆವು. ಅಲ್ಲಿ ಅವರೇ ಹೇಳಿದರು:

"ನನ್ನ ಎಡಗಿವಿ ಕೇಳಂಗಿಲ್ರಿ ಮೇಡಂ. ಭಾಳ ವರ್ಷ ಆಯ್ತು. ಯಾರಿಗೂ ಹೇಳಿಲ್ಲ."

"ಮತ್ತ ಮೊದಲೇ ಯಾಕ ಹೇಳಲಿಲ್ರಿ?"

"ಹೇಳಿದ್ರ ನೀವು ಕಿವಿ ಇದ್ದವರನ್ನ ಕರ್ಕೊಂಡು ಹೋಗ್ತಿದ್ರಿ."

ನಮ್ಮ ಗೇಟು ಅವರದಕ್ಕೆ ನೇರ ಎದುರಿಗಿಲ್ಲ; ಅವರು ಗೇಟಿನಲ್ಲಿ ನಿಂತರೆ ಅವರ ಎಡಕ್ಕೆ ಬರುತ್ತದೆ. ಅಷ್ಟು ದಿನ ನನ್ನ ಮಾತು ಅವರಿಗೆ ತಲುಪಿಯೇ ಇರಲಿಲ್ಲ; ಅದನ್ನೇ ನಾನು ಬಿಂಕವೆಂದುಕೊಂಡಿದ್ದೆ. ಸಾಮಾನು ಬಂತು, ಹೊಸ ಜೋಡಿ ಕೂತಿತು. ರಶೀದ್ ಭಾಯಿ ನಮ್ಮನ್ನು ಕೂಗಿ, ಕಾರಿನ ಹಿಂಭಾಗವನ್ನು ಒತ್ತಿ ಬಿಟ್ಟು ತೋರಿಸಿದ. ಕಾರು ಒಮ್ಮೆ ಮೇಲೆದ್ದು ಗಂಭೀರವಾಗಿ ನಿಂತಿತು. "ಈಗ ನೋಡ್ರಿ, ಹೊಟ್ಟ್ಯಾಗಿನ ನೀರು ಅಳ್ಳಾಡಂಗಿಲ್ಲ!"

ನಿಜವಾಗಿಯೂ ಅಲುಗಾಡಲಿಲ್ಲ. ಕಾರು ಮೆತ್ತಗೆ ಹೋಗುತ್ತಿತ್ತು, ಮೆತ್ತಗೆ ಬರುತ್ತಿತ್ತು. ಮುಂದಿನ ಭಾನುವಾರ ನಾನು ಸ್ನಾನ ಮಾಡಿ, ಒಳ್ಳೆಯ ಸೀರೆ ಉಟ್ಟು, ಕಿಟಕಿಯ ಹತ್ತಿರ ನಿಂತೆ. ಎದುರು ಮನೆಯ ಬಾಗಿಲು ತೆರೆಯಲಿಲ್ಲ. ಒಬ್ಬಳೇ ಕಾರು ತೆಗೆದು ಸೇಡಂ ರಸ್ತೆಯಲ್ಲಿ ಸ್ವಲ್ಪ ದೂರ ಹೋಗಿ ಬಂದೆ. ಒಂದು ಸದ್ದಿಲ್ಲ. ಹಿಂದೆ ಕೂತು ಗುದ್ದುವವರೂ ಇಲ್ಲದ ಕಾರಿನಲ್ಲಿ ಕೂತು, ದುಡ್ಡು ಕೊಟ್ಟು ನಾನೇನನ್ನು ಕಳೆದುಕೊಂಡೆ ಎಂದು ಮೊದಲ ಸಲ ಅರ್ಥವಾಯಿತು.

ಅದರ ಮುಂದಿನ ವಾರ ತಡೆಯಲಾಗಲಿಲ್ಲ. ಹೋಗಿ ಅವರ ಬಾಗಿಲು ಬಡಿದೆ, ಸ್ವಲ್ಪ ಜೋರಾಗಿಯೇ.

"ಸಿಸ್ಟರ್, ಮತ್ತ ಸದ್ದು ಬರಾಕತ್ತದ್ರಿ."

ಅವರು ನನ್ನನ್ನು ದಿಟ್ಟಿಸಿ ನೋಡಿದರು. ಸುಳ್ಳು ಹೇಳುವ ಗರ್ಭಿಣಿಯರನ್ನು ಜೀವನವಿಡೀ ಕಂಡ ಕಣ್ಣು. "ಹೊಸಾವು ಹಾಕ್ಯಾರಲ್ರಿ?"

"ಹಾಕ್ಯಾರ. ಆದ್ರೂ ಬರ್ತದ."

"ಎಡಕ್ಕ ಬಂದ್ರ ನನಗೇನ್ ಕೇಳಸ್ತದ? ಹಿಂದ ಕುಂತು ಏನ್ ಮಾಡ್ಲಿ?"

"ಹಿಂದ ಬ್ಯಾಡ್ರಿ. ಮುಂದ ಕುಂದ್ರಿ. ನಿಮ್ಮ ಬಲಗಿವಿ ನನ್ನ ಕಡೆ ಇರ್ತದ."

ಅವರು ಒಳಗೆ ಹೋದರು. ಸೀರೆ ಬದಲಿಸುವಷ್ಟು ಹೊತ್ತು ಬಿಟ್ಟು ಹೊರಬಂದು, ಬೀಗ ಹಾಕಿ, ಕಾರಿನ ಮುಂದಿನ ಬಾಗಿಲು ತೆಗೆದು ಕೂತರು. ಅವತ್ತು ನಾವು ಚಿಂಚೋಳಿಯ ತನಕ ಹೋದೆವು. ಕಾಳಗಿಯ ಹತ್ತಿರ ಒಂದು ನುಣ್ಣನೆಯ ರಸ್ತೆಯಲ್ಲಿ ಅವರು ಕಿವಿಯ ಹಿಂದೆ ಕೈ ಹಿಡಿದು, "ಹ್ಞಾಂ, ಬಂತು ನೋಡು ತಂಗಿ" ಎಂದರು. ಮೇಡಂ ಎನ್ನುವುದು ಅಲ್ಲೇ ಎಲ್ಲೋ ರಸ್ತೆಯಲ್ಲಿ ಬಿದ್ದುಹೋಗಿತ್ತು. "ಹೌದಕ್ಕ, ಬಂತು" ಎಂದೆ ನಾನು, ಬಹಳ ಗಂಭೀರವಾಗಿ.

ಇಷ್ಟಕ್ಕೇ ಬಿಟ್ಟಿದ್ದರೆ ಚೆನ್ನಾಗಿತ್ತು. ಆದರೆ ಒಂದು ಸುಳ್ಳು ಚೆನ್ನಾಗಿ ಬಾಳಿಕೆ ಬಂದಾಗ ಅದನ್ನು ಇನ್ನೊಂದು ಕಡೆಯೂ ಬಳಸುವ ಆಸೆಯಾಗುತ್ತದೆ. ಸಂಜೆ ಮನೆಯವರು ಕೇಳಿದಾಗ ಅವರಿಗೂ ಹೇಳಿಬಿಟ್ಟೆ, ಸದ್ದು ಹೋಗಿಲ್ಲ ಎಂದು. ಗುವಾಹಟಿಯ ಕತ್ತಲಲ್ಲಿ ಕ್ಯಾಲೆಂಡರಿನ ಹಾಳೆ ತಿರುವಿದ ಸದ್ದಾಯಿತು. ಆಮೇಲೆ ಅವರು, "ಇವರ ಕೈಲಿ ಆಗೂದಲ್ಲ ಅದು. ರಜಾ ಹಾಕಿ ನಾನೇ ಬರ್ತೀನಿ, ಕುಂತು ನೋಡ್ತೀನಿ" ಎಂದರು. ಹಬ್ಬಕ್ಕೆ ಕರೆದರೂ ರಜೆ ಸಿಗದ ಮನುಷ್ಯನಿಗೆ ಶಾಕಬ್ಸರಿಗೆ ರಜೆ ಸಿಕ್ಕಿತು. ಟಿಕೆಟ್ಟೂ ಆಗಿದೆಯಂತೆ.

ಈಗ ನನಗಿರುವುದು ಎರಡು ಚಿಂತೆ. ಅವರು ಬರುವಷ್ಟರಲ್ಲಿ ಆ ಸದ್ದನ್ನು ಎಲ್ಲಿಂದ ತರುವುದು ಎಂಬುದು ಒಂದು. ಇನ್ನೊಂದು ಅದಕ್ಕಿಂತ ಸೂಕ್ಷ್ಮ: ಅಷ್ಟು ದೂರದಿಂದ ಬಂದ ಗಂಡನಿಗೆ, ಮುಂದಿನ ಸೀಟು ಖಾಲಿಯಿಲ್ಲ, ನೀವು ಹಿಂದೆ ಕೂತುಕೊಳ್ಳಿ ಎಂದು ಯಾವ ಬಾಯಲ್ಲಿ ಹೇಳುವುದು?