ಪಕ್ಕದ ಊರಿನ ಮೂರನೇ ಹೆಣ

ಮನುಷ್ಯನಿಗಿರುವ ಚಪಲಗಳಲ್ಲಿ ಮುಖಕ್ಕೆ ಬಣ್ಣ ಹಚ್ಚಿಕೊಳ್ಳುವ ಚಪಲದಷ್ಟು ಮಾನಗೆಟ್ಟದ್ದು ಇನ್ನೊಂದಿಲ್ಲ. ಸಕ್ಕರೆ ಕಾಯಿಲೆಯವನು ಜಾಮೂನನ್ನಾದರೂ ಬಿಟ್ಟಾನು, ನಟನಾಗಬೇಕೆಂದುಕೊಂಡವನು ಆ ಆಸೆಯನ್ನು ಬಿಡಲಾರ. ಮೈಸೂರಿನ ಕಾಲೇಜಿನಲ್ಲಿ ನಾನು ಮೂರು ವರ್ಷ ನಾಟಕದ ತಂಡದಲ್ಲಿದ್ದೆ. ಮೂರು ವರ್ಷವೂ ಪರದೆ ಎಳೆದೆ. ಒಮ್ಮೆ ಪರದೆ ಸಿಕ್ಕಿಹಾಕಿಕೊಂಡು ನಾನೇ ರಂಗದ ಮೇಲೆ ಹೋಗಿ ಬಿಡಿಸಬೇಕಾಯಿತು. ಅವತ್ತು ಬಿದ್ದ ಚಪ್ಪಾಳೆಯ ಬಲದ ಮೇಲೆ ಇಷ್ಟು ವರ್ಷ ದೂಡಿದ್ದೇನೆ. ಈಗ ಜರ್ಮನಿಯ ಸೇಂಟ್ ಲಿಯೋನ್-ರೋಟ್‌ನಲ್ಲಿ ಬೇರೆಯವರು ಬರೆದ ಸಾಫ್ಟ್‌ವೇರಿನಲ್ಲಿ ತಪ್ಪು ಹುಡುಕುವುದು ನನ್ನ ಉದ್ಯೋಗ. ನಾವಿರುವ ಪುಟ್ಟ ಊರಿನ ಹವ್ಯಾಸಿ ಸಂಘದವರು ಸಿನಿಮಾ ತೆಗೆಯುತ್ತಾರೆ, ನಟರು ಬೇಕಾಗಿದ್ದಾರೆ ಎಂಬ ಚೀಟಿ ಬೇಕರಿಯ ಗಾಜಿನ ಮೇಲೆ ಕಂಡ ದಿನ, ನಾನು ಬ್ರೆಡ್ ಕೊಳ್ಳುವುದನ್ನೇ ಮರೆತು ಮನೆಗೆ ಬಂದೆ.

ಸಿನಿಮಾ ಮಧ್ಯಯುಗದ ಪ್ಲೇಗಿನದು. ಆದರೆ ಹಾಸ್ಯಚಿತ್ರ. ಪ್ಲೇಗಿನಲ್ಲಿ ನಗುವಂಥದ್ದೇನಿದೆ ಎಂದು ನಾನೂ ಕೇಳಿದೆ. ಆಗ ಊರಿನ ಐತಿಹ್ಯ ಹೇಳಿದರು. ಪ್ಲೇಗ್ ಮಾರಿ ಕಪ್ಪು ಶಾಲು ಹೊದ್ದ ಹೆಂಗಸಾಗಿ ಈ ಊರಿನ ಹೆಬ್ಬಾಗಿಲಿಗೆ ಬಂದಳಂತೆ. ಕಾವಲುಗಾರ ಹೆಸರು, ಹುಟ್ಟಿದೂರು, ಬಂದ ಉದ್ದೇಶ ಎಲ್ಲ ಕೇಳಿ, ಹಿಂದಿನ ಊರಿನವರ ಮೊಹರಿರುವ ಕಾಗದ ತನ್ನಿ ಎಂದನಂತೆ. ಅವಳು ಪಾಪ, ತಂದಳು. ಮೊಹರು ಸರಿಯಾಗಿ ಮೂಡಿಲ್ಲ ಎಂದ. ಮತ್ತೆ ಹೋದಳು. ಅಷ್ಟರಲ್ಲಿ ಅಲ್ಲಿ ಮೊಹರು ಒತ್ತುವವನು ಅವಳ ಕೃಪೆಯಿಂದಲೇ ತೀರಿಕೊಂಡಿದ್ದ. ಕೊನೆಗೆ ರೋಸಿಹೋಗಿ ಬೇರೆ ಊರಿಗೆ ಹೊರಟುಹೋದಳಂತೆ. ವೀಸಾ ನವೀಕರಣಕ್ಕೆ ನಾಲ್ಕು ಸಲ ಅಲೆದಿರುವ ನಾನು ಈ ಕಥೆಯನ್ನು ಯಾವ ಪುರಾವೆಯನ್ನೂ ಕೇಳದೆ ನಂಬಿದೆ.

ನಿರ್ದೇಶಕಿ ಫ್ರೌ ಕ್ರೇಮರ್, ಔಷಧದ ಅಂಗಡಿ ನಡೆಸಿ ನಿವೃತ್ತರಾದವರು. ನನ್ನ ಹಾವಭಾವ, ಅಭಿನಯವೇನೂ ಅವರಿಗೆ ಬೇಕಾಗಲಿಲ್ಲ. ಮುಖವನ್ನು ಆಚೆ ಈಚೆ ತಿರುಗಿಸಿ ನೋಡಿ, ಕಣ್ಣು ಮುಚ್ಚಿ ಎಂದರು. ಮುಚ್ಚಿದೆ. "ಅದ್ಭುತ! ನೀವು ಪಕ್ಕದ ಊರಿನ ಮೂರನೇ ಹೆಣ" ಎಂದು ಬರೆದುಕೊಂಡರು. ಐತಿಹ್ಯದ ಪ್ರಕಾರ ಈ ಊರಿನಲ್ಲಿ ಯಾರೂ ಸಾಯಲಿಲ್ಲವಲ್ಲ, ಹಾಗಾಗಿ ಹೆಣಗಳನ್ನೆಲ್ಲ ಪಕ್ಕದ ಊರಿನಿಂದ ಗಾಡಿಯಲ್ಲಿ ತರಬೇಕಿತ್ತು. ನನ್ನ ಜೊತೆ ಬಂದಿದ್ದ ಒಂಬತ್ತು ವರ್ಷದ ಮಗಳು ಅನ್ವಿಗೆ ಇಲಿಯ ಪಾತ್ರ ಸಿಕ್ಕಿತು. ಇಲಿಗೆ ಎರಡು ಮಾತೂ ಇದ್ದವು. ನನಗೂ ಒಂದು ಮಾತು ಸಿಗಬಹುದೇ ಎಂದು ಕೇಳಲು ಹೊರಟಾಗ ಅವಳು ಅಂಗಿ ಜಗ್ಗಿ, "ಪಪ್ಪಾ, ಹೆಣ ಮಾತಾಡೋದಿಲ್ಲ" ಎಂದು ಎಲ್ಲರಿಗೂ ಕೇಳುವಂತೆ ಜರ್ಮನ್ ಭಾಷೆಯಲ್ಲಿ ಹೇಳಿದಳು.

ಮನೆಯಲ್ಲಿ ಹೆಂಡತಿ ವಸುಧಾ ಹಣೆ ಚಚ್ಚಿಕೊಂಡಳು. "ದೀಪ ಹಚ್ಚೋ ಹೊತ್ತಲ್ಲಿ ಎಂಥ ಮಾತ್ರೀ! ಹೋಗಿ ಹೋಗಿ ಹೆಣದ ಪಾರ್ಟು ಒಪ್ಕೊಂಡು ಬಂದಿದೀರಲ್ಲ." ಕಲಾವಿದನಿಗೆ ಎಲ್ಲ ಪಾತ್ರವೂ ಒಂದೇ ಎಂದೆ. "ಹಾಗಾದ್ರೆ ಕಲಾವಿದರು ಶೂಟಿಂಗ್ ಮುಗಿಸಿ ಸೀದಾ ಬಚ್ಚಲಿಗೆ ಹೋಗ್ಬೇಕು. ದಾರೀಲಿ ಸೋಫಾ ಮುಟ್ಟಬಾರ್ದು" ಎಂದಳು.

ಶನಿವಾರ ಬೆಳಗ್ಗೆ ಮುಖಕ್ಕೆ ಬೂದುಬಣ್ಣ ಬಳಿದು, ಕುತ್ತಿಗೆಗೆ ಮೇಣದ ಗಡ್ಡೆ ಅಂಟಿಸಿ, ಕುದುರೆ ಗಾಡಿಯ ಹುಲ್ಲಿನ ಮೇಲೆ ನನ್ನನ್ನು ಮಲಗಿಸಿದರು. ಬಣ್ಣ ಹಚ್ಚಿದ ಹುಡುಗಿ ನನ್ನ ಫೋನಿನಲ್ಲೇ ಒಂದು ಚಿತ್ರ ತೆಗೆದುಕೊಟ್ಟಳು. ಎಷ್ಟು ಚೆನ್ನಾಗಿ ಬಂದಿತ್ತೆಂದರೆ, ತಕ್ಷಣ ಅದನ್ನು ಮೈಸೂರಿನ ಮನೆಯವರ ವಾಟ್ಸಾಪ್ ಗುಂಪಿಗೆ ಕಳಿಸಿದೆ. ಕೆಳಗೆ ಎರಡು ಸಾಲು ವಿವರ ಬರೆಯಬೇಕೆನ್ನುವಷ್ಟರಲ್ಲಿ ಫ್ರೌ ಕ್ರೇಮರ್ ಬುಟ್ಟಿ ಹಿಡಿದು ಬಂದು ಎಲ್ಲರ ಫೋನೂ ಕಸಿದುಕೊಂಡರು.

ಎರಡನೇ ಟೇಕಿನ ನಡುವೆ ನನಗೆ ಜ್ಞಾನೋದಯವಾಯಿತು. ಮಗ ಹುಲ್ಲಿನ ಮೇಲೆ ಬೂದಿಬಣ್ಣಕ್ಕೆ ತಿರುಗಿ ಕಣ್ಣು ಮುಚ್ಚಿ ಬಿದ್ದಿರುವ ಚಿತ್ರ, ಕೆಳಗೆ ಒಂದಕ್ಷರವಿಲ್ಲ. ಈ ಸಿನಿಮಾದ ಸುದ್ದಿಯನ್ನು ನಾನು ಊರಿಗೆ ಹೇಳಿಯೇ ಇರಲಿಲ್ಲ. ನೋಡುವವಳು ಎಪ್ಪತ್ತೆಂಟು ವರ್ಷದ ಅಮ್ಮ, ಬಿಪಿಗೆ ದಿನಕ್ಕೆ ಎರಡು ಮಾತ್ರೆ. ಮೈಸೂರಿನಲ್ಲಿ ಈಗ ಮಧ್ಯಾಹ್ನ. ಊಟ ಮುಗಿಸಿ ಕನ್ನಡಕ ಹಾಕಿಕೊಂಡು ಫೋನ್ ತೆಗೆಯುವ ಹೊತ್ತು. ಸತ್ತವನ ಮೈಯಲ್ಲಿ ಬೆವರು ಕಿತ್ತುಕೊಂಡಿತು. ಕೈಯೆತ್ತಿ ಒಂದು ಫೋನ್ ಮಾಡಬೇಕಿತ್ತು ಎಂದೆ. "ಹೆಣ ಮೂರು! ಹದಿನಾಲ್ಕನೇ ಶತಮಾನದಲ್ಲಿ ಫೋನ್ ಇಲ್ಲ. ಕುದುರೆ ಹನ್ನೆರಡು ಗಂಟೆಯವರೆಗೆ ಮಾತ್ರ ಇದೆ" ಎಂದರು ಫ್ರೌ ಕ್ರೇಮರ್. ಪಕ್ಕದಲ್ಲಿದ್ದ ಎರಡನೇ ಹೆಣ, ನಿವೃತ್ತ ಅಂಚೆಯವರಾದ ಹೆರ್ ಫೋಗ್ಟ್, ನಿಜವಾಗಿಯೇ ನಿದ್ದೆ ಹೋಗಿದ್ದರು. ಅವರಷ್ಟು ಪುಣ್ಯ ನನಗಿರಲಿಲ್ಲ.

ನಿಮ್ಮಲ್ಲಿ ಮುಚ್ಚುಮರೆ ಏಕೆ? ನಾನು ಆಗಲೇ ಗಾಡಿಯಿಂದ ಧುಮುಕಬಹುದಿತ್ತು. ಧುಮುಕಲಿಲ್ಲ. ಏಕೆಂದರೆ ಮುಂದಿನ ಟೇಕಿನಲ್ಲಿ ಕ್ಯಾಮೆರಾ ನನ್ನ ಮುಖದ ಹತ್ತಿರ ಬರಲಿದೆ ಎಂದು ಹೇಳಿದ್ದರು. ಒಂದು ಇಡೀ ಟೇಕಿನ ಮಟ್ಟಿಗೆ ಹೆತ್ತ ತಾಯಿಗಿಂತ ಕ್ಲೋಸಪ್ಪೇ ನನಗೆ ಹೆಚ್ಚಾಯಿತು. ಅದಾದರೂ ಸರಿಹೋಯಿತೇ? "ಹೆಣ ಮೂರು, ಸತ್ತವರಿಗೆ ಇಷ್ಟೊಂದು ಚಿಂತೆ ಇರಬಾರದು. ಇನ್ನೊಮ್ಮೆ!" ಎಂದರು. ನಾಲ್ಕನೇ ಟೇಕಿಗೆ ಕ್ಯಾಮೆರಾ ಇನ್ನೇನು ಮೂಗಿನ ಬಳಿ ಬಂದಾಗ ನನ್ನ ಕಣ್ಣಮುಂದೆ ಬಂದದ್ದು ಅಮ್ಮ, ನೆಲಕ್ಕೆ ಬಿದ್ದ ಅವಳ ಕನ್ನಡಕ. ತಡೆಯಲಾಗಲಿಲ್ಲ. ಎದ್ದವನೇ ಹೆರ್ ಫೋಗ್ಟರನ್ನು ದಾಟಿ ಕೆಳಗೆ ಹಾರಿದೆ. ಕುದುರೆ ಬೆಚ್ಚಿ ಹತ್ತು ಹೆಜ್ಜೆ ಓಡಿತು. ಕಾವಲುಗಾರ ಕೈಯಲ್ಲಿದ್ದ ಈಟಿ ಎಸೆದು ಪಕ್ಕಕ್ಕೆ ಸರಿದ. ನಾನು ಫೋನಿನ ಬುಟ್ಟಿಗೆ ಕೈಹಾಕಿದೆ. ನನ್ನ ಜಾಗದಲ್ಲಿ ಬೇಕರಿಯವನನ್ನು ಮಲಗಿಸಲು ಫ್ರೌ ಕ್ರೇಮರ್ ಹೇಳುತ್ತಿರುವುದು ಬೆನ್ನ ಹಿಂದೆ ಕೇಳಿಸುತ್ತಿತ್ತು.

ಐವತ್ತು ಕರೆಗಳಾದರೂ ಬಂದಿರುತ್ತವೆ ಎಂದುಕೊಂಡಿದ್ದೆ. ಒಂದೂ ಇರಲಿಲ್ಲ. ಗುಂಪಿನಲ್ಲಿ ಮಾತ್ರ ಸಾಲುಸಾಲು ಸಂದೇಶ. ಸೋದರತ್ತೆ ಸೀತತ್ತೆಯ ಧ್ವನಿ: "ಅಯ್ಯೋ ಶ್ರೀಧರಾ, ಹೋಗ್ಬಿಟ್ಯೇನೋ..." ಎಂದು ರಾಗವಾಗಿ ಶುರುವಾಗಿ, "ಏ, ಹಾಲು ಉಕ್ತಿದೆ ನೋಡೇ" ಎಂದು ಮುಗಿಯಿತು. ಚಿಕ್ಕಪ್ಪನದು ಬರಿಯ ಬಿಕ್ಕು, ನಾಲ್ಕು ಸೆಕೆಂಡು. ಅತ್ತಿಗೆ ಅಳುವ ಮುಖದ ಗೊಂಬೆ ಮೂರು ಕಳಿಸಿದ್ದರು. ಕೊನೆಗೆ ಅಣ್ಣ ಬರೆದಿದ್ದ: "ಎಲ್ಲರದೂ ಅತ್ತಾಯ್ತು. ಇನ್ನು ಬದುಕಿದೀನಿ ಅಂತ ಹಾಕಿಬಿಡು."

ನನಗೆ ಆಗ ಹೊಳೆಯಿತು. ಕಾಗೆ! ನಮ್ಮಲ್ಲಿ ಯಾರ ತಲೆಗಾದರೂ ಕಾಗೆ ತಾಗಿದರೆ ಮೃತ್ಯುದೋಷ. ಅದರ ಪರಿಹಾರಕ್ಕೆ ಅವರು ಸತ್ತರೆಂದು ನೆಂಟರಿಗೆ ಸುಳ್ಳು ಸುದ್ದಿ ಕಳಿಸಬೇಕು. ನೆಂಟರು ಒಂದಿಷ್ಟು ಅತ್ತರೆ ದೋಷ ಕಳೆಯಿತು, ಆಮೇಲೆ ನಿಜ ಹೇಳಬೇಕು. ಮೈಸೂರಿನಲ್ಲಿ ನನ್ನ ಚಿತ್ರವನ್ನು ಇಡೀ ವಂಶ ಹಾಗೆಂದೇ ತಿಳಿದು ಕರ್ತವ್ಯ ಮುಗಿಸಿತ್ತು. ಇದೇ ಗುಂಪಿನಲ್ಲಿರುವ ವಸುಧಾ ಏನು ಮಾಡುತ್ತಿದ್ದಳು ಎನ್ನುತ್ತೀರಾ? ನನಗೆ ಬೇರೆಯಾಗಿ ಬರೆದಿದ್ದಳು: "ಪಾಪ ಅಷ್ಟು ಚೆನ್ನಾಗಿ ಅಳ್ತಿದ್ರು, ನಾನ್ಯಾಕೆ ಮಧ್ಯೆ ಬಾಯಿ ಹಾಕ್ಲಿ. ಹೆಣವಾಗಿ ಮಲಗಿದ ದೋಷವೂ ಇದರಲ್ಲೇ ಹೋಗ್ಲಿ."

ಕೂಡಲೇ ಅಮ್ಮನಿಗೆ ಫೋನ್ ಮಾಡಿದೆ. ಅವಳು ನಿರಾಳವಾಗಿದ್ದಳು.

"ಅಲ್ಲೂ ಕಾಗೆ ಇದ್ಯೇನೋ? ತಲೆಗೆ ಸ್ನಾನ ಮಾಡ್ಕೊ."

"ಕಾಗೆ ಅಲ್ಲಮ್ಮ, ಸಿನಿಮಾ. ನೀನೂ ಅತ್ಯಾ?"

"ಅಳ್ದೆ? ಅರ್ಧ ಗಂಟೆ ಅತ್ತೆ. ನಿಂಗೆ ಅಂತ ಶುರು ಮಾಡ್ದೆ, ಆಮೇಲೆ ಹಳೇದೆಲ್ಲ ನೆನಪಾಗಿ ಅದನ್ನೂ ಸೇರ್ಸಿ ಅತ್ತುಬಿಟ್ಟೆ. ಈಗ ಹಗುರಾಗಿದೆ."

ಒಂದು ಟೇಕ್ ತಡಮಾಡಿದ್ದಕ್ಕೆ ನಾಚಿಕೆಯಾಯಿತು. ಆದರೂ ಒಳಗಿದ್ದ ನಟ ಸುಮ್ಮನಿರಬೇಕಲ್ಲ. "ನಿಜ ಹೇಳಮ್ಮ, ಫೋಟೋ ನೋಡಿದ ತಕ್ಷಣ ಒಂದು ಕ್ಷಣಾನಾದ್ರೂ ನಂಬಿದ್ಯಾ?" ಎಂದು ಕೇಳಿದೆ.

"ನಾನ್ಯಾಕೋ ನಂಬ್ಲಿ?" ಎಂದಳು ಅಮ್ಮ. "ಕಾಗೆ ಮುಟ್ಟಿರ್ಬೇಕು, ಎಲ್ಲರೂ ಅಳ್ರೋ ಅಂತ ಹೇಳ್ದೋಳೇ ನಾನು. ಸತ್ತೋರು ಯಾರಾದ್ರೂ ಫೋಟೋಗೆ ಅಂತ ಹೊಟ್ಟೆ ಒಳಗೆ ಎಳ್ಕೊಂಡು ಮಲಗ್ತಾರೇನೋ?"