ಸರ್ ವಿದರ್ಬಿಯವರ ವಂಶ ಮತ್ತು ನಮ್ಮೂರಿನ ಮೊದಲ ವೀಳ್ಯ

ನನ್ನ ಮುತ್ತಜ್ಜಿಯ ಹೆಸರು ನನಗೆ ಗೊತ್ತಿಲ್ಲ. ಆದರೆ ಸರ್ ವಿದರ್ಬಿ ಎಂಬ, ಅಪ್ಪನಿಂದ ಮಗನಿಗೆ ಸಲ್ಲುವ ಬಿರುದಿನ ಇಂಗ್ಲಿಷ್ ಬ್ಯಾರೊನೆಟ್ಟನ ಏಳು ತಲೆಮಾರನ್ನು ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಒಪ್ಪಿಸಬಲ್ಲೆ. ತಪ್ಪು ನನ್ನದಲ್ಲ, ಕಾನ್ವೆಂಟಿನದು. ಆ ಮನೆತನದವರು ಯಾರೋ ನಮ್ಮ ಸ್ಕೂಲಿಗೆ ಪಿಯಾನೊ ಕೊಟ್ಟಿದ್ದರಂತೆ. ಅದಕ್ಕಾಗಿ ಡೈನಿಂಗ್ ಹಾಲ್‌ನಲ್ಲಿ ಅವರ ಪೋರ್ಟ್ರೇಟ್, ಅದರ ಕೆಳಗೆ ನಾವು, ನಮ್ಮ ಬಾಯಲ್ಲಿ ಅವರ ಹಿಸ್ಟರಿ. ಮೊದಲನೆಯ ಸರ್, ಬೇಟೆಗೆ ಬಂದು ಕಾಲು ನೆನೆಸಿಕೊಂಡ ರಾಜನಿಗೆ ಒಣಗಿದ ಬೂಟ್ಸ್ ಕೊಟ್ಟು ಟೈಟಲ್ ಪಡೆದರು. ಎರಡನೆಯವರು ನರಿ ಬೇಟೆಯಾಡಿದರು. ಮೂರನೆಯವರು ಏನೂ ಮಾಡಲಿಲ್ಲ, ಆದರೆ ಆ ಏನೂ ಮಾಡದಿರುವುದನ್ನು ಬಹಳ ಡಿಗ್ನಿಫೈಡ್ ಆಗಿ ಮಾಡಿದರು. ಏಳನೆಯವರಿಗೆ ಐದು ಜನ ಹೆಣ್ಣುಮಕ್ಕಳು. ಐವರೂ ಬುದ್ಧಿವಂತೆಯರು, ಆದ್ದರಿಂದ ಟೈಟಲ್ ದೂರದ ಕಸಿನ್ ಒಬ್ಬನಿಗೆ ಹೋಯಿತು. ಅವನಿಗೆ ಬುದ್ಧಿ ಇರಲಿಲ್ಲ, ಮೀಸೆ ಇತ್ತು.

ನಮ್ಮ ತವರು ಬೆಳಕವಾಡಿಯ ಕಡೆಯ ಒಂದು ಹಳ್ಳಿ. ನಮ್ಮದು ಯಜಮಾನರ ಮನೆ. ಊರಿನ ಯಾವ ಶುಭಕಾರ್ಯವಾದರೂ ಮೊದಲ ವೀಳ್ಯ ನಮ್ಮ ಮನೆಗೆ. ಏಕೆ ಎಂದರೆ, ನಮ್ಮ ಮೂಲಪುರುಷ ಯಾವುದೋ ಅಮಲ್ದಾರರ ಕುದುರೆಗೆ ಹುಲ್ಲು ಹಾಕಿದ್ದನಂತೆ. ಅಪ್ಪ ವೀಳ್ಯ ತೆಗೆದುಕೊಳ್ಳುವಾಗ ಹಿಂದೆ ನಿಂತು ನೋಡುತ್ತಿದ್ದೆ. ಆ ಎಲೆಯ ವಾಸನೆ ಈಗಲೂ ಮೂಗಿನಲ್ಲಿದೆ. ನನ್ನ ಕಡೆ ಯಾರೂ ತಟ್ಟೆ ಚಾಚಲಿಲ್ಲ.

ಹೋದ ವರ್ಷ ನನ್ನ ತಮ್ಮ ತೀರಿಕೊಂಡ. ಇರುವವಳು ಒಬ್ಬಳೇ ಮಗಳು ಸವಿತ. ಕಬ್ಬಿನ ಗದ್ದೆಗೆ ಅವಳದೇ ಉಸ್ತುವಾರಿ, ಊರಿನ ನೀರಿನ ಜಗಳಕ್ಕೂ ಅವಳೇ ಪಂಚಾಯ್ತಿ. ಮೊನ್ನೆ ಪಕ್ಕದ ಮನೆಯ ನಿಶ್ಚಿತಾರ್ಥದಲ್ಲಿ ತಟ್ಟೆ ಬಂದಾಗ, ಮಂಡ್ಯದಲ್ಲಿ ಮನೆ ಮಾಡಿಕೊಂಡು ಊಟಕ್ಕೆ ಮಾತ್ರ ಊರಿಗೆ ಬರುವ ದಾಯಾದಿ ಪುಟ್ಟಸ್ವಾಮಿ ಕೈ ನೀಡಿದ. ಸವಿತಳೂ ನೀಡಿದಳು. ತಟ್ಟೆ ನಡುವೆ ನಿಂತಿತು.

ಊರ ಹಿರಿಯ ಚಿಕ್ಕೇಗೌಡ ನನ್ನ ಕಡೆ ತಿರುಗಿದ. “ಆ ಮನೆಗೆ ಈಗ ನೀವೇ ದೊಡ್ಡೋರು, ಓದ್ದೋರು. ನೀವೇ ಯೋಳ್ಬುಡಿ ಕಣವ್ವ, ಯಾರ್ಗೆ?”

“ಸವಿತಳಿಗೆ” ಎಂದು ಐದು ಅಕ್ಷರ ಹೇಳಿದ್ದರೆ ಮುಗಿಯುತ್ತಿತ್ತು. ಆದರೆ ಕಾನ್ವೆಂಟಿನಲ್ಲಿ ಓದಿದವಳು ಐದು ಅಕ್ಷರದಲ್ಲಿ ನಿಲ್ಲುತ್ತಾಳೆಯೇ? ಈ ಪದ್ಧತಿ ಎಷ್ಟು ಸಿಲ್ಲಿ ಎಂದು ತೋರಿಸಲು ಸರ್ ವಿದರ್ಬಿಯ ಕಥೆ ಶುರು ಮಾಡಿದೆ. ಬೂಟ್ಸ್, ನರಿ, ಐದು ಹೆಣ್ಣುಮಕ್ಕಳು, ಮೀಸೆಯ ಕಸಿನ್, ಎಲ್ಲವನ್ನೂ ಪರಮ ವ್ಯಂಗ್ಯದಿಂದ ಹೇಳಿ, ನಗುವಿಗಾಗಿ ಕಾದೆ.

ಯಾರೂ ನಗಲಿಲ್ಲ. ಚಿಕ್ಕೇಗೌಡನ ಮುಖ ಅರಳಿತು. “ಕೇಳುಸ್ಕಂಡ್ರೇನ್ರಪ್ಪ! ದೊರೆಗಳ ಸೀಮೇಲೂ ಇಂಗೇಯಂತೆ! ಹೆಣ್ಮಕ್ಳು ಐದು ಜನ ಇದ್ರೂವೆ ದಾಯಾದಿಗೇ ಅಂತೆ! ಇಡ್ಲಾ, ಪುಟ್ಟಸ್ವಾಮಿ ಕೈಗೆ ಇಡು!”

“ನೋ, ನೋ, ನಾನು ಹೇಳಿದ್ದು...” ಎನ್ನುವಷ್ಟರಲ್ಲಿ ಪುಟ್ಟಸ್ವಾಮಿ ಅಡಿಕೆ ಕಡಿಯುತ್ತಿದ್ದ.

ಸವಿತ ಕೈ ಹಿಂದಕ್ಕೆ ತೆಗೆದುಕೊಂಡು ನನ್ನ ಪಕ್ಕ ಬಂದು ನಿಂತಳು. “ಅತ್ತೆ, ಆ ದೊರೆ ಮನೆ ಪುರಾಣ ಬುಟ್ಟು ‘ಇವ್ಳೇ ತಗೊಳ್ಲಿ’ ಅಂದಿದ್ರೆ ನಿನ್ ಗಂಟೇನು ಓಯ್ತಿತ್ತು?”

ಆಗ ಚಿಕ್ಕೇಗೌಡ ಇನ್ನೊಂದು ತಟ್ಟೆ ಹಿಡಿದು ಬಂದ. “ನ್ಯಾಯ ಯೋಳಿದ್ರಿ ಕಣವ್ವ. ಇನ್ಮ್ಯಾಕೆ ಎರಡ್ನೇ ವೀಳ್ಯ ನಿಮ್ದೇಯ.” ಬೇಡ ಎನ್ನಬೇಕಿತ್ತು. ಇಲ್ಲವೇ ಅದನ್ನಾದರೂ ಸವಿತಳ ಕೈಗೆ ದಾಟಿಸಬೇಕಿತ್ತು. ಎಪ್ಪತ್ತು ವರ್ಷ ಕಾದಿದ್ದ ಕೈ, ನನ್ನನ್ನು ಕೇಳದೆ ಮುಂದೆ ಹೋಯಿತು.

ಮದ್ದೂರಿನ ನನ್ನ ಮನೆಗೆ ಹಿಂತಿರುಗುವಾಗ ಬಸ್ಸಿನುದ್ದಕ್ಕೂ ಒಂದೇ ಚಿಂತೆ: ನನ್ನ ನಂತರ ಈ ಎರಡನೆಯ ವೀಳ್ಯ ಯಾರಿಗೆ ಸಲ್ಲಬೇಕು? ನನಗೆ ಮಗಳು ದೊಡ್ಡವಳು, ಮಗ ಚಿಕ್ಕವನು. ಅರ್ಧ ದಾರಿ ಕಳೆಯುವುದರೊಳಗೆ ತೀರ್ಮಾನಿಸಿದ್ದೆ: ಮಗನಿಗೆ.