ಟೆಂಟಿನಲ್ಲಿ ಕೂಗಿದವನು ನಾನಲ್ಲ

ಹೊನ್ನಾಳಿಯ ಟೂರಿಂಗ್ ಟಾಕೀಸಿನಲ್ಲಿ, ಗಂಡಸರ ನೆಲಕ್ಕೂ ಹೆಂಗಸರ ನೆಲಕ್ಕೂ ನಡುವಿನ ಮೋಟುಗೋಡೆ ಮುಗಿಯುವಲ್ಲಿ, ಆಪರೇಟರ್ ಕೋಣೆಯ ಬಾಗಿಲಿನ ಎಡಕ್ಕೆ ನಾನು ನಿಂತಿದ್ದೆ. ಎಪ್ಪತ್ತರ ದಶಕ ಮುಗಿಯುತ್ತಿದ್ದ ಒಂದು ಬೇಸಿಗೆಯ ಸಂಜೆ, ಮೊದಲನೇ ಆಟ. ಇಷ್ಟು ಕರಾರುವಾಕ್ಕಾಗಿ ಹೇಳಲು ಕಾರಣವಿದೆ. ಅಂದು ‘ಒನ್ಸ್ ಮೋರ್’ ಎಂದು ಮೊದಲು ಕೂಗಿದವನು ನಾನೇ ಎಂಬ ಮಾತು ನ್ಯಾಮತಿಯಿಂದ ಜಗಳೂರಿನವರೆಗೆ ಓಡಾಡಿದೆ. ಆ ಸಂಜೆಯನ್ನು ನೆನೆದರೆ ಇಂದಿಗೂ ನನ್ನ ಬೆರಳು ತಾಳ ಬಿಟ್ಟು ಓಡುತ್ತದೆ. ತಬಲ ಬಾರಿಸುವವನಿಗೆ ಅದೇನೂ ದೊಡ್ಡ ನಷ್ಟವಲ್ಲ, ಕೇಳುವವರು ದ್ರುತ ಲಯ ಎಂದುಕೊಳ್ಳುತ್ತಾರೆ.

ರುದ್ರಪ್ಪ ಮೇಷ್ಟ್ರು ಚನ್ನಗಿರಿ ಸೀಮೆಯ ಹಳ್ಳಿ ನಾಟಕಗಳಿಗೆಲ್ಲ ಹಾರ್ಮೋನಿಯಂ ನುಡಿಸುತ್ತಿದ್ದವರು. ಪಕ್ಕದಲ್ಲಿ ತಬಲ ನನ್ನದು. ನುಡಿಸುವಾಗ ಅವರ ಕಣ್ಣು ಪೆಟ್ಟಿಗೆಯ ಮೇಲಿರುತ್ತಿರಲಿಲ್ಲ, ನಟನ ಗಂಟಲ ಮೇಲಿರುತ್ತಿತ್ತು. ತ್ಯಾವಣಿಗೆಯಲ್ಲಿ ಗೌಡನ ಪಾತ್ರದವನು ಮಾತು ಮರೆತರೆ, ಅದು ನೆನಪಾಗುವ ತನಕ ಮೇಷ್ಟ್ರು ಏನಾದರೊಂದು ನುಡಿಸುತ್ತಾ ಕಾಯುತ್ತಿದ್ದರು. ಕತ್ತಲಗೆರೆಯಲ್ಲಿ ರಾಜನೊಬ್ಬ ಹಾಡುತ್ತಾ ಸತ್ತ. ಜನ ಒನ್ಸ್ ಮೋರ್ ಎಂದರು. ಅವನು ಎದ್ದು ಮೀಸೆ ಸರಿಮಾಡಿಕೊಂಡು, ಪೂರ್ತಿ ಹಾಡಿ ಮತ್ತೆ ಸತ್ತ. ಮೇಷ್ಟ್ರು ಎರಡು ಸಲವೂ ಅವನನ್ನು ಅದೇ ಶ್ರುತಿಯಲ್ಲಿ ಕಳಿಸಿಕೊಟ್ಟರು. ನಮ್ಮ ಕಡೆ ಒನ್ಸ್ ಮೋರ್ ಬೀಳದ ಹಾಡು ಹಾಡೇ ಅಲ್ಲ.

ಇಂಥವರನ್ನು ಸಿನಿಮಾದವರೊಬ್ಬರು ಮದ್ರಾಸಿಗೆ ಕರೆದೊಯ್ದರು. ಅಲ್ಲಿ ಪರದೆಯ ಮೇಲೆ ಓಡುವ ಚಿತ್ರಕ್ಕೆ ಸಂಗೀತ ಕೂಡಿಸಬೇಕು. ಮೊದಲ ದಿನವೇ ನಾಯಕಿ ತುಟಿ ತೆರೆದು ಸುಮ್ಮನೆ ನಿಂತಳಂತೆ. ಪಾಪ, ಮಾತು ಮರೆತಿದ್ದಾಳೆಂದು ಮೇಷ್ಟ್ರು ಪೀಲು ರಾಗವನ್ನು ಎಳೆದೇ ಎಳೆದರು. ಅವಳು ಹೋಗಿ ಪೊಲೀಸ್ ಜೀಪು ಬಂದರೂ ಪೀಲು ನಿಂತಿರಲಿಲ್ಲ. ಊರಿಗೆ ಬಂದಾಗ ನನ್ನ ಮುಂದೆ ಗೋಳಾಡಿದರು: “ಅಲ್ಲಿ ಎಲ್ರೂ ಬಾಯಿಪಾಠ ಮಾಡ್ಕಂಡೇ ಬಂದಿರ್ತಾರೆ ಮಾರಾಯ. ನಾನು ಯಾರನ್ನ ಕಾಯ್ಲಿ?”

ಹೇಗೋ ಕಲಿತರು. ಇಡೀ ಒಂದು ಚಿತ್ರದ ಸಂಗೀತವೂ ಅವರದೇ ಆಯಿತು. ಅದು ಹೊನ್ನಾಳಿಗೆ ಬಂದ ದಿನ ನನ್ನನ್ನು ಕರೆದುಕೊಂಡು ಹೊರಟರು. “ನಮ್ ಜನ ಒಪ್ಪಿದ್ರೆ ಮದ್ರಾಸು. ಇಲ್ಲಾಂದ್ರೆ ನಾನು, ನೀನು, ಆ ಮಾತು ಮರೆಯೋ ಗೌಡ,” ಎಂದರು.

ಗುರುತು ಸಿಗದಿರಲೆಂದು ತಲೆಗೆ ಟವೆಲ್ ಸುತ್ತಿಕೊಂಡು ನನ್ನ ಹಿಂದೆ ನಿಂತರು. ಚಿತ್ರದಲ್ಲಿ ತಂದೆ ಊಟಕ್ಕೆ ಕುಳಿತ, ಎದೆ ಹಿಡಿದುಕೊಂಡ, ಹಾಡಿದ, ಸತ್ತ. ಹಾಡು ಮುಗಿಯಿತು. ಟೆಂಟಿನಲ್ಲಿ ಒಂದು ಸದ್ದಿಲ್ಲ.

“ಕೂಗು ಬಿತ್ತಾ?” ಮೇಷ್ಟ್ರು ಕೇಳಿದರು.

“ಇಲ್ಲ.”

“ಒಂದು ಸಿಳ್ಳೆನಾದ್ರೂ?”

“ಅದೂ ಇಲ್ಲ ಮೇಷ್ಟ್ರೆ.”

“ಮುಗೀತು ಬಿಡು. ನಡಿ, ಬಸ್ ಐತೆ.”

ಅವರು ನನ್ನ ತೋಳು ಎಳೆಯುವಷ್ಟರಲ್ಲಿ ರೀಲು ಮುಗಿಯಿತು. ಆ ಟೆಂಟಿಗೆ ಇದ್ದದ್ದು ಒಂದೇ ಯಂತ್ರ. ರೀಲು ಬದಲಿಸಲು ದೀಪ ಹಾಕುತ್ತಿದ್ದರು. ದುಃಖವಾದರೆ ನನಗೆ ಹಸಿವಾಗುತ್ತದೆ. ಮಂಡಕ್ಕಿ, ಮೆಣಸಿನಕಾಯಿ ಬಜ್ಜಿ ಮಾರುವ ಹನುಮಕ್ಕನ ಬುಟ್ಟಿಯಿಂದ ಒಂದು ಬಜ್ಜಿ ತೆಗೆದು ಬಾಯಿಗಿಟ್ಟೆ. ಆಗ ಬಂತು, ನನ್ನ ಕಿವಿಯ ಬಳಿಯೇ, ಗಂಡೋ ಹೆಣ್ಣೋ ತಿಳಿಯದ ಒಡಕು ದನಿ: “ಒನ್ಸ್ ಮೋರ್!” ನನ್ನ ದನಿಯೂ ಒಡಕೇ. ಅದೇ ನನ್ನ ದುರದೃಷ್ಟ.

ಮರುಕ್ಷಣ ಇಡೀ ನೆಲವೇ ಎದ್ದು ಕೂಗಿತು. ಜನಕ್ಕೆ ಹಾಡು ಹಿಡಿಸಿತ್ತು. ಆದರೆ ಹಾಡು ಮುಗಿದಾಗಲೇ ಕೇಳಿಕೊಳ್ಳೋಣವೆಂದರೆ ಹಾಡಿದವನು ಪರದೆಯಿಂದಲೇ ಮಾಯ, ಅಲ್ಲಿ ಇನ್ಯಾರದೋ ಮದುವೆ ನಡೆದಿತ್ತು. ನಮ್ಮ ಜನ ಮರ್ಯಾದಸ್ಥರು, ದೀಪ ಹತ್ತಲೆಂದು ಕಾದಿದ್ದರು.

ಆಪರೇಟರ್ ಖಲೀಲ್ ಸಾಬರು ಹೊರಗೆ ಬಂದರು. “ಹಾಡೊಂದೇ ಹಾಕಾಕೆ ಬರಲ್ಲ ಕಣ್ರೀ, ರೀಲು ಪೂರಾ ಓಡ್ಬೇಕು!”

“ಓಡ್ಲಿ ಬಿಡ್ರಿ ಸಾಬ್ರೆ, ನಿಮ್ಮಪ್ಪನ ಮನೆ ಗಂಟೇನು ಹೋಗ್ತೈತೆ!” ಎಂದರು ನೆಲದಿಂದ ಯಾರೋ.

ಓಡಿತು. ಸತ್ತ ತಂದೆ ಮತ್ತೆ ಊಟಕ್ಕೆ ಕುಳಿತ. ಯಾರಿಗೂ ಅದು ವಿಚಿತ್ರ ಎನಿಸಲಿಲ್ಲ. ಮೇಷ್ಟ್ರು ತಲೆಯ ಟವೆಲ್ ಬಿಚ್ಚಿ ಕಣ್ಣೊರೆಸಿಕೊಂಡರು. ಆಮೇಲೆ, ಅಭ್ಯಾಸಬಲ, ಪರದೆಯ ಮೇಲಿನವನ ಗಂಟಲನ್ನೇ ನೋಡುತ್ತಾ ನಿಂತರು.

ಹೊರಗೆ ಬಂದ ಮೇಲೆ ಕೇಳಿದರು: “ನಿಜ ಹೇಳೋ, ದೋಸ್ತಿಗಂತ ನೀನೇ ಕೂಗಿದ್ದಲ್ವಾ?”

“ಬಾಯಲ್ಲಿ ಬಜ್ಜಿ ಇತ್ತು ಮೇಷ್ಟ್ರೆ!”

ಪೂರ್ತಿ ನಂಬಲಿಲ್ಲ. ಆದರೂ ಮದ್ರಾಸಿಗೆ ಹೋದರು. ಎಂಬತ್ತರ ದಶಕದುದ್ದಕ್ಕೂ ಅವರ ಹಾಡು ಹೋಟೆಲುಗಳ ರೇಡಿಯೊದಲ್ಲಿ ಬಂದಾಗಲೆಲ್ಲ ನಾನು ನೆಮ್ಮದಿಯಿಂದ ಇನ್ನೊಂದು ಟೀ ಕುಡಿದಿದ್ದೇನೆ.

ಅಂದು ಕಣ್ಣಾರೆ ಕಂಡವರಲ್ಲಿ ಖಲೀಲ್ ಸಾಬರು ಇನ್ನೂ ಇದ್ದಾರೆ. ಹನುಮಕ್ಕನೂ ಇದ್ದಾಳೆ. ಮೊನ್ನೆ ಅವಳನ್ನೇ ಕೇಳಿದೆ.

“ಕೂಗಿದ್ದು ನಾನೇ ಕಣಣ್ಣ,” ಎಂದಳು. “ಹಾಡಿಗೇನಲ್ಲ. ರೀಲು ತಿರುಗಾ ಸುತ್ತೋ ತಂಕ ದೀಪ ಇನ್ನೊಂದೀಟು ಹೊತ್ತು ಉರಿದ್ರೆ ಬುಟ್ಟಿ ಖಾಲಿ ಆಗ್ತೈತೆ ಅಂತ.”

ನನ್ನ ಮುಖ ಸಪ್ಪಗಾಯಿತು. ಅವಳು ಬಿಡಲಿಲ್ಲ: “ಏನ್ ಬಂತು? ಆ ಹಾಡು ತಿರುಗಾ ಬರ್ತೈತೆ ಅಂತ ಒಬ್ರೂ ಕುಂತ ಜಾಗ ಬಿಟ್ಟು ಏಳ್ಲಿಲ್ಲ. ಎರಡ್ನೇ ಸಲ ಹಾಡು ನಡಿಯೋವಾಗ ಇನ್ನೊಂದು ಬಜ್ಜಿ ಕೇಳಿದೋನು ನೀನೊಬ್ನೇ.”

ಸಾಬರು, ಹನುಮಕ್ಕ ಇಬ್ಬರೂ ಹೊನ್ನಾಳಿಯಲ್ಲೇ ಇದ್ದಾರೆ. ಅನುಮಾನ ಇರುವವರು ಹೋಗಿ ವಿಚಾರಿಸಬಹುದು. ಸಾಬರನ್ನು ಕೇಳಿದರೆ ಸಾಕು ಎಂದು ನನ್ನ ಅಭಿಪ್ರಾಯ.